ಫಜಲ್ ಅತ್ರಾಚಲಿ: ಇಳಿದದ್ದು ಆಟವೋ, ಹರಾಜಿನ ಬೆಲೆಯೋ?

ಎಡಮೂಲೆ (ಚರ್ಚೆ ಆರಂಭಿಸಿದವರು)

ಪ್ರೊ ಕಬಡ್ಡಿ ಲೀಗ್‌ನ 12ನೇ ಆವೃತ್ತಿಯ ಫೈನಲ್‌ನಲ್ಲಿ ದಬಾಂಗ್ ಡೆಲ್ಲಿ ತಂಡವು ಪುಣೇರಿ ಪಲ್ಟನ್ ತಂಡವನ್ನು 31–28ರಿಂದ ಮಣಿಸಿದ ಮೇಲೆ ಇಲ್ಲಿ ನಡೆದ ಮಾತುಕತೆಯೆಲ್ಲ ಎದುರಾಳಿ ಅಂಕಣಕ್ಕೆ ನುಗ್ಗಿ ಪಾಯಿಂಟ್ ತರುವ ರೈಡರ್‌ಗಳ ಸುತ್ತಲೇ ಇತ್ತು. ಅದರಲ್ಲಿ ತಪ್ಪೇನಿಲ್ಲ. ಆದರೆ ಆ ತಂಡದ ಎಡ ಮೂಲೆಯನ್ನು ಕಾದ 33 ವರ್ಷದ ಇರಾನ್ ಆಟಗಾರನಿಗೆ ಅದು ಮೂರನೆಯ ಪ್ರಶಸ್ತಿ ಎಂಬುದನ್ನು ಹೆಚ್ಚು ಮಂದಿ ಗಮನಿಸಿದಂತೆ ಕಾಣಲಿಲ್ಲ. ಫಜಲ್ ಅತ್ರಾಚಲಿ 2015ರಲ್ಲಿ ಯು ಮುಂಬಾ ಜೊತೆ, 2016ರಲ್ಲಿ ಪಟ್ನಾ ಪೈರೇಟ್ಸ್ ಜೊತೆ, ಈಗ 2025ರಲ್ಲಿ ಡೆಲ್ಲಿ ಜೊತೆ ಪ್ರಶಸ್ತಿ ಗೆದ್ದಿದ್ದಾರೆ. ಎರಡನೆಯದಕ್ಕೂ ಮೂರನೆಯದಕ್ಕೂ ನಡುವೆ ಒಂಬತ್ತು ವರ್ಷಗಳ ಅಂತರವಿದೆ. ಅಷ್ಟು ಕಾಲ ರೈಡರ್‌ನನ್ನು ಹಿಡಿಯುವ ಒಬ್ಬ ಡಿಫೆಂಡರ್‌ನ ಮೊಣಕಾಲು ಮತ್ತು ಭುಜ ಉಳಿಯುವುದೇ ಅಪರೂಪ.

ನಾನು ಚರ್ಚೆಗೆ ಇಡಬೇಕೆಂದಿರುವುದು ಅವರ ಹರಾಜಿನ ಬೆಲೆಯ ವಿಚಾರ. 2018ರಲ್ಲಿ ಯು ಮುಂಬಾ ಅವರಿಗೆ 1 ಕೋಟಿ ರೂಪಾಯಿ ಕೊಟ್ಟಿತು. ಈ ಲೀಗ್‌ನಲ್ಲಿ ವಿದೇಶಿ ಆಟಗಾರನೊಬ್ಬ ಕೋಟಿ ಮುಟ್ಟಿದ್ದು ಅದೇ ಮೊದಲು. 2022ರಲ್ಲಿ ಪುಣೆ 1.38 ಕೋಟಿಗೆ, 2023ರಲ್ಲಿ ಗುಜರಾತ್ 1.60 ಕೋಟಿಗೆ ಅವರನ್ನು ಕೊಂಡವು. ಅಲ್ಲಿಂದ ಮುಂದೆ 2024ರಲ್ಲಿ ಬೆಂಗಾಲ್ ವಾರಿಯರ್ಸ್ 50 ಲಕ್ಷಕ್ಕೆ, 2025ರಲ್ಲಿ ಡೆಲ್ಲಿ 30 ಲಕ್ಷಕ್ಕೆ. ಎರಡೇ ಹರಾಜುಗಳಲ್ಲಿ ಬೆಲೆ ಐದರಲ್ಲಿ ಒಂದು ಭಾಗಕ್ಕಿಂತಲೂ ಕೆಳಗೆ ಬಂತು. ಲೀಗ್‌ನಲ್ಲಿ 500 ಟ್ಯಾಕಲ್ ಪಾಯಿಂಟ್ (ರೈಡರ್‌ನನ್ನು ಹಿಡಿದದ್ದಕ್ಕೆ ಸಿಗುವ ಪಾಯಿಂಟ್) ದಾಟಿದ ಮೊದಲ ಡಿಫೆಂಡರ್ ಎನಿಸಿಕೊಂಡದ್ದು ಕೂಡ ಬೆಲೆ ಇಳಿದ ಅದೇ 11ನೇ ಆವೃತ್ತಿಯಲ್ಲಿ.

ಇದನ್ನು ಕೇವಲ ವಯಸ್ಸಿನ ಲೆಕ್ಕದಿಂದ ವಿವರಿಸಲು ಸಾಧ್ಯವಿಲ್ಲ ಎಂಬುದು ನನ್ನ ಅಭಿಪ್ರಾಯ. ತಂಡವನ್ನು ರೈಡರ್‌ನಿಂದಲ್ಲ, ಮೂಲೆಯಿಂದ ಕಟ್ಟಬಹುದು ಎಂದು ಫ್ರಾಂಚೈಸಿಗಳಿಗೆ ತೋರಿಸಿಕೊಟ್ಟವರಲ್ಲಿ ಫಜಲ್ ಮೊದಲಿಗರು. ಆ ಪಾಠ ಒಮ್ಮೆ ಮನದಟ್ಟಾದ ಮೇಲೆ ಎಲ್ಲರೂ ಅದೇ ಮೂಲೆಗೆ ಇನ್ನೊಬ್ಬ ಇರಾನಿಯನ್ನೇ, ಇನ್ನೂ ಚಿಕ್ಕ ವಯಸ್ಸಿನವನನ್ನೇ ಹುಡುಕಿದರು. ಅವರ ಬೆಲೆ ಇಳಿಯಲು ಅವರ ಯಶಸ್ಸೇ ಅರ್ಧ ಕಾರಣ. ಒಪ್ಪದವರು ದಯವಿಟ್ಟು ಆಧಾರ ಸಹಿತ ಬರೆಯಿರಿ.

ಹಳೇ ರೆಫರಿ

ಬೆಲೆಯ ವಿಷಯಕ್ಕೆ ಹೋಗುವ ಮೊದಲು ಅವರ ಆಟದ ಬಗ್ಗೆ ಒಂದಿಷ್ಟು ಹೇಳಬೇಕು, ಏಕೆಂದರೆ ಟಿ.ವಿ.ಯಲ್ಲಿ ಕ್ಯಾಮೆರಾ ಯಾವಾಗಲೂ ರೈಡರ್‌ನ ಹಿಂದೆಯೇ ಇರುತ್ತದೆ, ಮೂಲೆಯಲ್ಲಿ ನಿಂತವನು ಹಿಡಿದ ಮೇಲಷ್ಟೇ ನಮಗೆ ಕಾಣುತ್ತಾನೆ.

ಪುರುಷರ ಅಂಕಣದಲ್ಲಿ ಒಂದು ತಂಡದ ಪಾಲಿಗೆ ಮಧ್ಯದ ಗೆರೆಯಿಂದ ಹಿಂದಿನ ಗೆರೆಯವರೆಗೆ 6.5 ಮೀಟರ್ ಜಾಗವಿರುತ್ತದೆ. ಅದರಲ್ಲಿ ರೈಡರ್ ದಾಟಬೇಕಾದ ಬಾಕ್ ಲೈನ್ 3.75 ಮೀಟರ್ ದೂರದಲ್ಲಿದ್ದು, ಅಲ್ಲಿಂದ ಒಂದು ಮೀಟರ್ ಒಳಗೆ ಬೋನಸ್ ಲೈನ್ ಇರುತ್ತದೆ. ಹಾಗಾಗಿ ಬೋನಸ್ ಲೈನ್‌ನಿಂದ ಹಿಂದಿನ ಗೆರೆಗೆ ಉಳಿಯುವುದು 1.75 ಮೀಟರ್ ಮಾತ್ರ. ಮೂಲೆಯ ಆಟಗಾರನ ಬದುಕೆಲ್ಲ ಇಷ್ಟರೊಳಗೇ. ಎದುರು ತಂಡದ ಎಡ ಮೂಲೆ ರೈಡರ್‌ನ ಬಲಗೈ ಕಡೆಗೆ ಬರುವುದರಿಂದ, ಬಲಗಾಲನ್ನು ಮುಂದೆ ಚಾಚಿ ಆಡುವ ರೈಡರ್‌ಗಳ ಮೊದಲ ಪರೀಕ್ಷೆ ಅಲ್ಲಿಯೇ ನಡೆಯುತ್ತದೆ.

ಆರು ಅಥವಾ ಏಳು ಮಂದಿ ಅಂಕಣದಲ್ಲಿರುವಾಗ ರೈಡರ್ ಬೋನಸ್ ಪಡೆಯಬೇಕಾದರೆ ಮುಂದಿನ ಕಾಲು ಗೆರೆ ದಾಟಿ ನೆಲ ಮುಟ್ಟಬೇಕು ಮತ್ತು ಅದೇ ಹೊತ್ತಿಗೆ ಹಿಂದಿನ ಕಾಲು ನೆಲದಿಂದ ಮೇಲೆದ್ದಿರಬೇಕು. ಅಂದರೆ ಆ ಕ್ಷಣದಲ್ಲಿ ಮೈಭಾರವೆಲ್ಲ ಒಂದೇ ಪಾದದ ಮೇಲಿರುತ್ತದೆ. ಫಜಲ್ ಅವರ ಆಂಕಲ್ ಹೋಲ್ಡ್‌ಗಳನ್ನು ನಿಧಾನಗತಿಯಲ್ಲಿ ನೋಡಿದರೆ, ಅವರು ಗಾಳಿಯಲ್ಲಿರುವ ಕಾಲಿಗೆ ಕೈ ಹಾಕುವುದು ಕಡಿಮೆ ಎಂಬುದು ತಿಳಿಯುತ್ತದೆ. ಪಕ್ಕದ ‘ಇನ್’ ಆಟಗಾರನ ಕೈ ಹಿಡಿದು, ಸೊಂಟ ಬಗ್ಗಿಸಿ, ರೈಡರ್ ಪಾದ ಊರುವ ತನಕ ತಡೆದು, ಊರಿದ ಕೂಡಲೇ ಕೈ ಬಿಡಿಸಿಕೊಂಡು ಕಣಕಾಲಿಗೆ ಬೀಳುತ್ತಾರೆ. ರೈಡರ್ ಮೂರು ಸಲ ಸುಳ್ಳು ಹೆಜ್ಜೆ ಹಾಕಿದರೂ ಮೈ ಅಲುಗುವುದಿಲ್ಲ. ನಮ್ಮ ಊರಿನ ಪಂದ್ಯಗಳಲ್ಲಿ ಹುಡುಗರು ಸೋಲುವುದು ಇಲ್ಲಿಯೇ: ಮೊದಲ ಸುಳ್ಳು ಹೆಜ್ಜೆಗೇ ಹಾರಿ ಪಾಯಿಂಟ್ ಕೊಟ್ಟುಬಿಡುತ್ತಾರೆ.

ಇರಾನ್ ಆಟಗಾರರಲ್ಲಿ ಅನೇಕರು ಕುಸ್ತಿಯ ಹಿನ್ನೆಲೆಯಿಂದ ಬಂದವರು. ಕಣಕಾಲು ಜಾರಿದರೂ ತೊಡೆಗೆ, ತೊಡೆ ಜಾರಿದರೆ ಸೊಂಟಕ್ಕೆ ಹಿಡಿತ ಬದಲಿಸುವ ಅಭ್ಯಾಸ ಅವರ ಕೈಗಳಿಗಿದೆ. ಅಲ್ಲಿ ‘ಝೂ’ ಎಂಬ, ಉಸಿರು ಕಟ್ಟಿ ಆಡುವ ಹಳೆಯ ಜನಪದ ಆಟವೂ ಇರುವುದರಿಂದ ಕಬಡ್ಡಿ ಅವರಿಗೆ ತೀರಾ ಹೊರಗಿನದೇನೂ ಅಲ್ಲ. ಫಜಲ್ ಅವರ ಗೊಲೆಸ್ತಾನ್ ಪ್ರಾಂತ್ಯ ಕ್ಯಾಸ್ಪಿಯನ್ ಸಮುದ್ರದ ಆಗ್ನೇಯ ದಂಡೆಯಲ್ಲಿದೆ.

ಗೂಳಿ ಬಳಗ

ಎಡಮೂಲೆ ಅವರೇ, ನಿಮ್ಮ ಅಭಿಮಾನ ಅರ್ಥವಾಗುತ್ತದೆ, ಆದರೆ ಬೆಂಗಳೂರು ಬುಲ್ಸ್ ಅಭಿಮಾನಿಯಾಗಿ ನಾನು ಎರಡು ಆಕ್ಷೇಪಗಳನ್ನು ಇಡಬೇಕಾಗಿದೆ.

ಮೊದಲನೆಯದಾಗಿ, 2015ರ ಪ್ರಶಸ್ತಿಯನ್ನು ಫಜಲ್ ಅವರ ಲೆಕ್ಕಕ್ಕೆ ಪೂರ್ತಿಯಾಗಿ ಬರೆಯಬೇಡಿ. ಆ ಫೈನಲ್‌ನಲ್ಲಿ ನಮ್ಮನ್ನು 36–30ರಿಂದ ಸೋಲಿಸಿದ ಯು ಮುಂಬಾ ತಂಡಕ್ಕೆ ಅನೂಪ್ ಕುಮಾರ್ ನಾಯಕರು. ಮೂಲೆಗಳಲ್ಲಿ ಹೆಸರು ಮಾಡಿದ್ದವರು ಸುರೇಂದರ್ ನಾಡಾ ಮತ್ತು ಮೋಹಿತ್ ಛಿಲ್ಲರ್. ಇರಾನಿನ ಹುಡುಗ ಆಗಿನ್ನೂ ಲೀಗ್‌ಗೆ ಹೊಸಬ. ಎರಡನೆಯದಾಗಿ, ದೊಡ್ಡ ಡಿಫೆಂಡರ್ ಎಂದ ಮೇಲೆ ಒಂದು ಆವೃತ್ತಿಯಲ್ಲಾದರೂ ನೂರು ಟ್ಯಾಕಲ್ ಪಾಯಿಂಟ್ ಬೇಡವೇ? 6ನೇ ಆವೃತ್ತಿಯಲ್ಲಿ ಯುಪಿ ಯೋಧಾದ ನಿತೇಶ್ ಕುಮಾರ್ 100 ಮುಟ್ಟಿದರು. ಇರಾನಿನ ಇನ್ನೊಬ್ಬ ಡಿಫೆಂಡರ್ ಮೊಹಮ್ಮದ್‌ರೇಜಾ ಶಾದ್ಲೂಯಿ 8ನೇ ಆವೃತ್ತಿಯಲ್ಲಿ 89, 10ನೇ ಆವೃತ್ತಿಯಲ್ಲಿ 99 ಗಳಿಸಿದರು. ಫಜಲ್ ಅವರ ಅತ್ಯುತ್ತಮ ಸಾಧನೆ 83. ಹಲವು ವರ್ಷ ಆಡಿದವರ ಒಟ್ಟು ಮೊತ್ತ ದೊಡ್ಡದಾಗುವುದು ಸಹಜ.

ಇನ್ನು ಅವರು ಸೋತ ಫೈನಲ್‌ಗಳನ್ನೂ ನೋಡಿ. 2017ರಲ್ಲಿ ಎಡಕ್ಕೆ ಫಜಲ್, ಬಲಕ್ಕೆ ಅಬೋಜರ್ ಮಿಘಾನಿ ಇದ್ದ, ನಮ್ಮ ಸುಕೇಶ್ ಹೆಗ್ಡೆ ನಾಯಕತ್ವದ ಗುಜರಾತ್ ತಂಡದ ವಿರುದ್ಧ ಪಟ್ನಾ 55 ಪಾಯಿಂಟ್ ಹೊಡೆಯಿತು. ಪರ್ದೀಪ್ ನರ್ವಾಲ್ ಒಬ್ಬರೇ 19. ಆ ದಿನ ಎಲ್ಲಿ ಹೋಗಿತ್ತು ಆ ಮೂಲೆಯ ತಾಳ್ಮೆ?

ಎಡಮೂಲೆ

ಗೂಳಿ ಬಳಗದವರ ಮೊದಲ ಆಕ್ಷೇಪ ನನ್ನ ವಾದಕ್ಕೇ ಬಲ ಕೊಡುತ್ತದೆ. ನಾಡಾ ಅವರಂತಹ ಎಡ ಮೂಲೆಯ ಆಟಗಾರ ಇದ್ದ ತಂಡದಲ್ಲಿ ಫಜಲ್ ಕಾಯಬೇಕಾಯಿತು. 2016ರಲ್ಲಿ ನಾಡಾ ಮತ್ತು ಮೋಹಿತ್ ಇಬ್ಬರೂ ನಿಮ್ಮದೇ ಬುಲ್ಸ್ ತಂಡಕ್ಕೆ ಬಂದರು, ಫಜಲ್ ಪಟ್ನಾಕ್ಕೆ ಹೋದರು. ಅಲ್ಲಿ ಧರ್ಮರಾಜ್ ಚೇರಲಾತನ್ ಅವರಂತಹ ಅನುಭವಿ ನಾಯಕನ ಕೆಳಗೆ ಮೊದಲ ಬಾರಿಗೆ ಒಂದು ಮೂಲೆ ಅವರದ್ದೇ ಆಯಿತು. ಆ 4ನೇ ಆವೃತ್ತಿಯಲ್ಲಿ ತಂಡ ಜೈಪುರವನ್ನು 37–29ರಿಂದ ಸೋಲಿಸಿ ಪ್ರಶಸ್ತಿ ಗೆದ್ದಿತು, ಶ್ರೇಷ್ಠ ಡಿಫೆಂಡರ್ ಪ್ರಶಸ್ತಿ ಫಜಲ್ ಪಾಲಾಯಿತು. ಆಗ ಪಕ್ಕದಲ್ಲಿದ್ದ ಎಳೆಯ ರೈಡರ್ ಪರ್ದೀಪ್. ಮರುವರ್ಷ ಅದೇ ಪರ್ದೀಪ್ ಎದುರಾಳಿಯಾಗಿ ಬಂದಾಗ ಗುಜರಾತ್‌ನ ಎರಡೂ ಮೂಲೆಗಳು ಸೋತವು ಎಂಬುದು ನಿಜ. ಆದರೆ ಹೊಸದಾಗಿ ಹುಟ್ಟಿದ ತಂಡವೊಂದು ಮೊದಲ ವರ್ಷವೇ ಫೈನಲ್‌ಗೆ ಬಂದದ್ದು ಯಾವ ಬಲದಿಂದ ಎಂದು ಕೇಳಿಕೊಳ್ಳಿ. ಅಬೋಜರ್‌ಗೆ 50 ಲಕ್ಷ ಕೊಟ್ಟು ಇಬ್ಬರು ಇರಾನಿಯರ ಕೈಗೆ ಎರಡು ಮೂಲೆಗಳನ್ನು ಒಪ್ಪಿಸಿದ ಆ ತಂಡ ರೈಡರ್‌ಗಳಿಗಾಗಿ ಹಣ ಸುರಿದಿರಲಿಲ್ಲ.

83 ಎಂಬ ಅಂಕಿ ಚಿಕ್ಕದು ಎಂದಿರಿ. ಅದು 6ನೇ ಆವೃತ್ತಿಯದು. ಮರುವರ್ಷ, 7ನೇ ಆವೃತ್ತಿಯಲ್ಲಿ, 82. ನಾಯಕನಾಗಿ, ತಂಡ ಬದಲಿಸದೆ, ಎರಡು ವರ್ಷ ಒಂದೇ ಮಟ್ಟದಲ್ಲಿ ಆಡುವ ಡಿಫೆಂಡರ್‌ಗಳನ್ನು ಬೆರಳೆಣಿಕೆಯಲ್ಲಿ ಹೇಳಬಹುದು. ನೂರು ಮುಟ್ಟಿದ ನಿತೇಶ್ ಅವರಿಗೂ ಮರುವರ್ಷ ಆ ಎತ್ತರದಲ್ಲಿ ನಿಲ್ಲಲು ಆಗಲಿಲ್ಲ. ಫಜಲ್ ಎಂಬ ಹೆಸರು ಎಡ ಮೂಲೆಯಲ್ಲಿದೆ ಎಂದರೆ ರೈಡರ್‌ಗಳು ಇನ್ನೊಂದು ಬದಿಗೆ ತಿರುಗುತ್ತಾರೆ. ಬಾರದ ರೈಡ್‌ಗೆ ಪಾಯಿಂಟ್ ಸಿಗುವುದಿಲ್ಲ, ಆದರೆ ಆ ಭಯದ ಲಾಭ ಬಲ ಮೂಲೆಯವನ ಖಾತೆಗೆ ಜಮೆಯಾಗುತ್ತದೆ.

ಅಂಕಿಸಂಖ್ಯೆ

ಬೆಲೆಯ ಬಗ್ಗೆ ಒಂದು ವಿಷಯ ಸೇರಿಸುತ್ತೇನೆ. 8ನೇ ಆವೃತ್ತಿ ಕೊರೊನಾ ಕಾರಣದಿಂದ ಪ್ರೇಕ್ಷಕರಿಲ್ಲದೆ, ಪೂರ್ತಿಯಾಗಿ ಬೆಂಗಳೂರಿನ ವೈಟ್‌ಫೀಲ್ಡ್‌ನ ಹೋಟೆಲ್ ಒಂದರಲ್ಲಿ ನಡೆಯಿತು. ಅಲ್ಲಿ ಫಜಲ್ ನಾಯಕತ್ವದ ಯು ಮುಂಬಾ ಪ್ಲೇ ಆಫ್ ಕೂಡ ತಲುಪಲಿಲ್ಲ. ಅದಾದ ಕೂಡಲೇ ನಡೆದ ಹರಾಜಿನಲ್ಲಿ ಬೆಲೆ 1.38 ಕೋಟಿಗೆ ಏರಿತು! ಮುಂದಿನ ಆವೃತ್ತಿಯಲ್ಲಿ ಪುಣೆ ತಂಡ ಇವರ ನಾಯಕತ್ವದಲ್ಲಿ ಫೈನಲ್‌ಗೆ ಬಂದು ಜೈಪುರಕ್ಕೆ 33–29ರಿಂದ ಸೋತಿತು. ಅದೇ ಆವೃತ್ತಿಯಲ್ಲಿ ಇವರು ಮಂಜೀತ್ ಛಿಲ್ಲರ್ ಅವರನ್ನು ಹಿಂದಿಕ್ಕಿ ಲೀಗ್‌ನ ಅತಿ ಹೆಚ್ಚು ಟ್ಯಾಕಲ್ ಪಾಯಿಂಟ್ ಗಳಿಸಿದವರೆನಿಸಿದರು. ಆದರೂ ತಂಡ ಅವರನ್ನು ಬಿಟ್ಟುಕೊಟ್ಟಿತು. ಹಾಗಾಗಿ ಹರಾಜಿನ ಬೆಲೆಯನ್ನು ಆಟದ ಅಳತೆಗೋಲು ಎಂದುಕೊಳ್ಳುವುದೇ ಸರಿಯಲ್ಲ. ಆ ದಿನ ಯಾರ ಚೀಲದಲ್ಲಿ ಎಷ್ಟು ಉಳಿದಿದೆ, ಯಾವ ಜಾಗ ಖಾಲಿ ಇದೆ ಎಂಬುದಷ್ಟೇ ಅದರಲ್ಲಿ ಕಾಣುತ್ತದೆ. ಪ್ರತಿ ತಂಡವೂ ಕನಿಷ್ಠ ಇಬ್ಬರು ವಿದೇಶಿಯರನ್ನು ಹೊಂದಿರಲೇಬೇಕೆಂಬ ನಿಯಮವೂ ಈ ಲೆಕ್ಕದಲ್ಲಿ ಸೇರುತ್ತದೆ.

ಪುತ್ತೂರಿನ ಪ್ರೇಕ್ಷಕ

ಪುಣೆಯ ವಿಷಯ ಬಂದದ್ದರಿಂದ ಹೇಳುತ್ತೇನೆ. ಆಗ ಆ ತಂಡದ ಕೋಚ್ ಆಗಿದ್ದವರು ನಮ್ಮ ರಾಜ್ಯದ ಬಿ.ಸಿ. ರಮೇಶ್. 7ನೇ ಆವೃತ್ತಿಯ ಸೆಮಿಫೈನಲ್‌ನಲ್ಲಿ ಫಜಲ್ ಅವರ ಯು ಮುಂಬಾ ತಂಡವನ್ನು 37–35ರಿಂದ ಸೋಲಿಸಿದ ಬೆಂಗಾಲ್ ವಾರಿಯರ್ಸ್‌ಗೂ ಅವರೇ ಕೋಚ್ ಆಗಿದ್ದರು. ಅಂದರೆ ಎದುರಾಳಿಯಾಗಿಯೂ, ಸ್ವಂತ ತಂಡದಲ್ಲಿಯೂ ಫಜಲ್ ಅವರನ್ನು ಹತ್ತಿರದಿಂದ ಬಲ್ಲವರು. ಅಂತಹವರ ತಂಡವೇ 2023ರ ಹರಾಜಿನಲ್ಲಿ ಅವರ ಜಾಗಕ್ಕೆ 2.35 ಕೋಟಿ ಕೊಟ್ಟು ಮೊಹಮ್ಮದ್‌ರೇಜಾ ಶಾದ್ಲೂಯಿಯನ್ನು ತಂದಿತು. ಆ ವರ್ಷವೇ ಹರಿಯಾಣ ಸ್ಟೀಲರ್ಸ್ ವಿರುದ್ಧ 28–25ರಿಂದ ಫೈನಲ್ ಗೆದ್ದಿತು. ಮರುವರ್ಷ ಶಾದ್ಲೂಯಿ 2.07 ಕೋಟಿಗೆ ಹರಿಯಾಣಕ್ಕೆ ಹೋದರು, ಅಲ್ಲಿಯೂ ಪ್ರಶಸ್ತಿ ಬಂತು.

ಶಾದ್ಲೂಯಿ ಮೊದಲು ಮಿಂಚಿದ್ದು 8ನೇ ಆವೃತ್ತಿಯ ಪಟ್ನಾ ತಂಡದಲ್ಲಿ, ನಮ್ಮ ಪ್ರಶಾಂತ್ ಕುಮಾರ್ ರೈ ನಾಯಕರಾಗಿದ್ದಾಗ. ಆತನ ಆಟ ಫಜಲ್ ಅವರದಕ್ಕಿಂತ ಬೇರೆ. ಕಾಯುವುದು ಕಡಿಮೆ, ಮುನ್ನುಗ್ಗುವುದು ಹೆಚ್ಚು. ಹಿಡಿದ ಮೇಲೆ ತೊಡೆ ತಟ್ಟಿ ಅಂಕಣವನ್ನೆಲ್ಲ ತನ್ನದಾಗಿಸಿಕೊಳ್ಳುತ್ತಾನೆ. ಬೇಕಾದರೆ ರೈಡ್‌ಗೂ ಹೋಗಿ ಬರುತ್ತಾನೆ. ಇಂದಿನ ತಂಡಗಳಿಗೆ ಬೇಕಾಗಿರುವುದು ಆ ಬಗೆಯ ಆಟಗಾರ. ಆದ್ದರಿಂದ ಫಜಲ್ ಅವರ ಬೆಲೆ ಇಳಿಯಲು ಅವರ ಯಶಸ್ಸು ಕಾರಣ ಎನ್ನುವುದಕ್ಕಿಂತ, ಅವರಿಗೆ ಮಾಡಲಾಗದ್ದನ್ನು ಮಾಡುವವನೊಬ್ಬ ಅದೇ ದೇಶದಿಂದ ಬಂದ ಎನ್ನುವುದೇ ನೇರವಾದ ವಿವರಣೆ.

ಎಡಮೂಲೆ

ಪುತ್ತೂರಿನ ಪ್ರೇಕ್ಷಕರ ಮಾತಿನಲ್ಲಿ ಹುರುಳಿದೆ. ಆದರೆ 2018ರಲ್ಲಿ ಫಜಲ್ ಮೇಲೆ ಒಂದು ಕೋಟಿ ಹಾಕಿ ಯಾರೂ ನಷ್ಟಪಡಲಿಲ್ಲ ಎಂಬುದು ಗೊತ್ತಾಗಿರದಿದ್ದರೆ, 2023ರಲ್ಲಿ ಇನ್ನೊಬ್ಬ ಇರಾನಿ ಡಿಫೆಂಡರ್ ಮೇಲೆ ಎರಡು ಕೋಟಿಗೂ ಹೆಚ್ಚು ಹಾಕುವ ಧೈರ್ಯ ಯಾವ ತಂಡಕ್ಕೂ ಬರುತ್ತಿರಲಿಲ್ಲ. ನಾನು ಹೇಳಿದ್ದು ಅಷ್ಟನ್ನೇ.

ಕೊಲ್ಲಿ ಕನ್ನಡಿಗ

ಲೀಗ್‌ನ ಲೆಕ್ಕವೇ ಇಲ್ಲಿ ಹೆಚ್ಚಾಯಿತು. ಇರಾನ್ ಆಟಗಾರನ ವೃತ್ತಿಜೀವನವನ್ನು ಅವರ ರಾಷ್ಟ್ರೀಯ ತಂಡವನ್ನು ಬಿಟ್ಟು ಅಳೆಯಬಾರದು.

2014ರ ಇಂಚಿಯಾನ್ ಏಷ್ಯನ್ ಗೇಮ್ಸ್ ಫೈನಲ್‌ನಲ್ಲಿ ಭಾರತ ಗೆದ್ದದ್ದು 27–25ರಿಂದ, ಕೇವಲ ಎರಡು ಪಾಯಿಂಟ್‌ಗಳಿಂದ. 2016ರ ಅಹಮದಾಬಾದ್ ವಿಶ್ವಕಪ್ ಫೈನಲ್‌ನಲ್ಲಿ ವಿರಾಮದ ವೇಳೆಗೆ ಇರಾನ್ ಮುಂದಿತ್ತು. ಅಜಯ್ ಠಾಕೂರ್ ಅವರ ರೈಡ್‌ಗಳಿಂದ ನಾವು 38–29ರಿಂದ ಪಾರಾದೆವು. 2018ರ ಜೂನ್‌ನಲ್ಲಿ ಇಲ್ಲಿ ದುಬೈಯಲ್ಲಿ ಆರು ರಾಷ್ಟ್ರಗಳ ಮಾಸ್ಟರ್ಸ್ ಟೂರ್ನಿ ನಡೆದಾಗ ಇರಾನ್ ತಂಡದಲ್ಲಿ ಫಜಲ್ ಸೇರಿದಂತೆ ಪ್ರಮುಖರು ಇರಲಿಲ್ಲ. ಫೈನಲ್‌ನಲ್ಲಿ ಭಾರತ 44–26ರಿಂದ ಸುಲಭವಾಗಿ ಗೆದ್ದಿತು, ಗ್ಯಾಲರಿಯಲ್ಲಿದ್ದ ನಾವೆಲ್ಲ ಜಕಾರ್ತಾ ಏಷ್ಯನ್ ಗೇಮ್ಸ್‌ನ ಚಿನ್ನವೂ ನಮ್ಮದೇ ಎಂದುಕೊಂಡೆವು. ಎರಡು ತಿಂಗಳೊಳಗೆ ಜಕಾರ್ತಾ ಸೆಮಿಫೈನಲ್‌ನಲ್ಲಿ ಇರಾನ್ 27–18ರಿಂದ ಭಾರತವನ್ನು ಸೋಲಿಸಿತು. 1990ರಲ್ಲಿ ಕಬಡ್ಡಿ ಏಷ್ಯನ್ ಗೇಮ್ಸ್‌ಗೆ ಸೇರಿದಂದಿನಿಂದ ಬೇರಾರಿಗೂ ಬಿಟ್ಟುಕೊಡದಿದ್ದ ಚಿನ್ನ ಕೈತಪ್ಪಿತು. ಫೈನಲ್‌ನಲ್ಲಿ ದಕ್ಷಿಣ ಕೊರಿಯಾವನ್ನು 26–16ರಿಂದ ಮಣಿಸಿ ಇರಾನ್ ಮೊದಲ ಬಾರಿ ಚಾಂಪಿಯನ್ ಆಯಿತು. ಅದೇ ವಾರ ಅವರ ಮಹಿಳಾ ತಂಡವೂ ಭಾರತವನ್ನು 27–24ರಿಂದ ಸೋಲಿಸಿತು. ಆ ತಂಡಕ್ಕೆ ತರಬೇತಿ ಕೊಟ್ಟವರು ನಾಸಿಕ್‌ನ ಶೈಲಜಾ ಜೈನ್.

18 ಎಂಬ ಅಂಕಿಯ ಮೇಲೆ ಸ್ವಲ್ಪ ನಿಲ್ಲಿ. ಭಾರತದ ಅಷ್ಟೂ ತಾರಾ ರೈಡರ್‌ಗಳಿದ್ದು 40 ನಿಮಿಷಗಳಲ್ಲಿ ತಂಡಕ್ಕೆ ದಕ್ಕಿದ್ದು 18 ಪಾಯಿಂಟ್. ಅವರಲ್ಲಿ ಹೆಚ್ಚಿನವರು ಫಜಲ್ ಜೊತೆ ಇಲ್ಲವೇ ಫಜಲ್ ಎದುರು ಲೀಗ್‌ನಲ್ಲಿ ಆಡಿದವರು. ಅವರ ಹೆಜ್ಜೆಯ ಅಳತೆ ಇರಾನ್‌ನ ಮೂಲೆಗಳಿಗೆ ಬಾಯಿಪಾಠವಾಗಿತ್ತು. ನಮ್ಮ ಲೀಗೇ ಅವರಿಗೆ ಶಾಲೆಯಾಯಿತು ಎಂಬ ಗೊಣಗಾಟ ಆಗ ಬಹಳ ಕೇಳಿಬಂತು. ಕಲಿಯಲು ಬಂದವನು ಚೆನ್ನಾಗಿ ಕಲಿತರೆ ಶಾಲೆಯನ್ನು ದೂರುವುದೇಕೆ ಎಂದು ನನಗೆ ಇಂದಿಗೂ ತಿಳಿಯದು.

ಗೂಳಿ ಬಳಗ

ಹಾಂಗ್‌ಝೌ ಏಷ್ಯನ್ ಗೇಮ್ಸ್ ಬಗ್ಗೆಯೂ ಬರೆಯಿರಿ, ಕೊಲ್ಲಿ ಕನ್ನಡಿಗರೇ. ಅಲ್ಲಿ ಗೆದ್ದವರು ನಾವು.

ಹಳೇ ರೆಫರಿ

ಆ ಪಂದ್ಯದ ಬಗ್ಗೆ ನಾನೇ ಬರೆಯುತ್ತೇನೆ, ಏಕೆಂದರೆ ಅದು ನಿಯಮಕ್ಕೆ ಸಂಬಂಧಿಸಿದ್ದು. 2023ರ ಅಕ್ಟೋಬರ್ 7ರಂದು ನಡೆದ ಫೈನಲ್‌ನ ಕೊನೆಯ ಹಂತದಲ್ಲಿ ಸ್ಕೋರ್ 28–28. ‘ಡೂ ಆರ್ ಡೈ’ ರೈಡ್‌ಗೆ (ಪಾಯಿಂಟ್ ತರದಿದ್ದರೆ ರೈಡರ್ ಔಟ್) ಹೋದ ಭಾರತದ ಪವನ್ ಸೆಹ್ರಾವತ್ ಯಾರನ್ನೂ ಮುಟ್ಟದೆ ಅಂಕಣದ ಅಂಚಿನ ಪಟ್ಟಿಯಾದ ಲಾಬಿಗೆ ಕಾಲಿಟ್ಟರು, ಅವರನ್ನು ಹಿಡಿಯಲು ಇರಾನ್ ಡಿಫೆಂಡರ್‌ಗಳೂ ಬೆನ್ನಟ್ಟಿ ಲಾಬಿಗೆ ಇಳಿದರು. ಒಂದು ನಿಯಮದ ಪ್ರಕಾರ ರೈಡರ್ ಮಾತ್ರ ಔಟ್. ಇನ್ನೊಂದರ ಪ್ರಕಾರ ಬೆನ್ನಟ್ಟಿ ಹೋದವರೂ ಔಟ್. ಅಧಿಕಾರಿಗಳ ತೀರ್ಪು ಒಮ್ಮೆ ಆ ಕಡೆ, ಒಮ್ಮೆ ಈ ಕಡೆ ವಾಲಿತು. ಎರಡೂ ತಂಡದವರು ಸರದಿಯಂತೆ ಪ್ರತಿಭಟಿಸಿದರು, ಪಂದ್ಯ ಸುಮಾರು ಒಂದು ಗಂಟೆ ನಿಂತಿತು. ಕೊನೆಗೆ ಭಾರತದ ಪರ ತೀರ್ಪು ಬಂದು ಪಂದ್ಯ 33–29ಕ್ಕೆ ಮುಗಿಯಿತು.

ಲೀಗ್‌ನಲ್ಲಿ ಒಂದು ನಿಯಮಕ್ಕೆ ಒಗ್ಗಿದ ಆಟಗಾರರು ಅಂತಾರಾಷ್ಟ್ರೀಯ ಪಂದ್ಯದಲ್ಲಿ ಇನ್ನೊಂದನ್ನು ಎದುರಿಸಿದರೆ ಹೀಗೇ ಆಗುವುದು. ಹಲವು ವರ್ಷ ನಮ್ಮ ಲೀಗ್‌ನಲ್ಲಿ ಆಡಿದ ಇರಾನ್ ಡಿಫೆಂಡರ್‌ಗಳಿಗೆ ಆ ಓಟ ಅಭ್ಯಾಸಬಲದಿಂದ ಬಂದದ್ದು ಎಂದು ನನಗನಿಸುತ್ತದೆ. ಅದು ಅವರ ದಡ್ಡತನವಲ್ಲ. ಪಂದ್ಯಕ್ಕೆ ಮೊದಲೇ ಎರಡೂ ತಂಡಗಳಿಗೆ ನಿಯಮವನ್ನು ಓದಿ ಹೇಳುವುದು ಸಂಘಟಕರ ಹೊಣೆ.

ಪುತ್ತೂರಿನ ಪ್ರೇಕ್ಷಕ

ಸರ್, ನಾನು ಶಾಲೆಯೊಂದರ ಹುಡುಗರಿಗೆ ಸಂಜೆ ಕಬಡ್ಡಿ ಹೇಳಿಕೊಡುತ್ತೇನೆ. ನಮ್ಮಲ್ಲಿ ಮೂಲೆಗಳ ನಡುವೆ ನಿಲ್ಲುವ ಕವರ್ ಆಟಗಾರರಿಗೆ ಕೊರತೆಯಿಲ್ಲ, ರೈಡರ್‌ಗೆ ಡಿಕ್ಕಿ ಹೊಡೆದು ಹೊರದೂಡುವ ಡ್ಯಾಶ್ ಮಾಡಲು ಎಲ್ಲರಿಗೂ ಉತ್ಸಾಹ. ಮೂಲೆಯಲ್ಲಿ ನಿಲ್ಲಲು ಮಾತ್ರ ಯಾರೂ ಒಪ್ಪುವುದಿಲ್ಲ. ಫಜಲ್ ಅವರ ಯಾವ ಪಂದ್ಯ ತೋರಿಸಿದರೆ ಉಪಯೋಗವಾದೀತು?

ಹಳೇ ರೆಫರಿ

ಆಯ್ದ ಟ್ಯಾಕಲ್‌ಗಳ ತುಣುಕುಗಳನ್ನು ತೋರಿಸಬೇಡಿ, ಅವುಗಳಲ್ಲಿ ಹಾರಿ ಹಿಡಿಯುವುದಷ್ಟೇ ಇರುತ್ತದೆ. 2018ರ ಜಕಾರ್ತಾ ಸೆಮಿಫೈನಲ್ ಅನ್ನು ಪೂರ್ತಿ ಹಾಕಿ. ಮೊದಲ ಸಲ ಸುಮ್ಮನೆ ನೋಡಲಿ. ಎರಡನೆಯ ಸಲ ರೈಡರ್‌ನನ್ನು ಬಿಟ್ಟು ಇರಾನ್‌ನ ಎರಡು ಮೂಲೆಗಳಲ್ಲಿ ನಿಂತವರ ಪಾದಗಳನ್ನು ಮಾತ್ರ ನೋಡಬೇಕೆಂದು ಹೇಳಿ, ಅವರು ಹಿಡಿಯಲು ಹೋಗದೆ ಬಿಟ್ಟ ರೈಡ್‌ಗಳನ್ನು ಹುಡುಗರಿಂದಲೇ ಎಣಿಸಿ ಬರೆಸಿ. ಆಮೇಲೆ ಅಂಕಣಕ್ಕೆ ಇಳಿಸಿ, ಬೋನಸ್ ಲೈನ್ ಹಿಂದೆ ನಿಲ್ಲಿಸಿ, ರೈಡರ್‌ನ ಪಾದ ನೆಲ ಮುಟ್ಟುವ ಮುಂಚೆ ಕೈ ಹಾಕಿದವನಿಗೆ ಒಂದು ಪಾಯಿಂಟ್ ಕಡಿತ ಎಂದು ನಿಯಮ ಮಾಡಿ ಆಡಿಸಿ. ಮೊದಲ ವಾರ ಎಲ್ಲರೂ ಬೋನಸ್ ಬಿಟ್ಟುಕೊಡುತ್ತಾರೆ, ಬಿಟ್ಟುಕೊಡಲಿ, ಬೈಯಬೇಡಿ.

ಎಡಮೂಲೆ

ಇದರ ಜೊತೆಗೆ 2017ರ ಫೈನಲ್ ಕೂಡ ತೋರಿಸಿ ಎಂದು ಗೂಳಿ ಬಳಗದವರ ಪರವಾಗಿ ನಾನೇ ಹೇಳುತ್ತೇನೆ. ಮುಗ್ಗರಿಸಿದಂತೆ ಬಗ್ಗಿ, ಕೈ ಹಿಡಿದು ನಿಂತ ಡಿಫೆಂಡರ್‌ಗಳ ಸರಪಳಿಯ ಕೆಳಗಿನಿಂದ ನುಸುಳಿ ಹೋಗುವ ಪರ್ದೀಪ್ ಅವರ ಡುಬ್ಕಿಯ ಎದುರು, ಕಣಕಾಲಿಗೆ ಕಾದು ಕೂತ ಮೂಲೆಗೆ ಏನಾಗುತ್ತದೆ ಎಂಬುದು ಅಲ್ಲಿ ಚೆನ್ನಾಗಿ ಕಾಣುತ್ತದೆ. ಅಂತಹ ರೈಡರ್‌ಗೆ ಮೂಲೆಯೊಂದೇ ಸಾಲದು, ಕವರ್ ಆಟಗಾರ ಅರ್ಧ ಹೆಜ್ಜೆ ಮೊದಲೇ ಬಂದು ದಾರಿ ಮುಚ್ಚಬೇಕು. ನಿಮ್ಮ ಹುಡುಗರಲ್ಲಿ ಡ್ಯಾಶ್‌ಗೆ ಉತ್ಸಾಹ ಇರುವವರು ಹೇಗೂ ಇದ್ದಾರಲ್ಲ, ಅವರನ್ನು ಮೂಲೆಯವನ ಕೈ ಹಿಡಿಸಿ ನಿಲ್ಲಿಸಿ ನೋಡಿ.